ಹರ್ಮಯೊನಿಗೆ ನಿದ್ದೆ ಬೇಕಿತ್ತು

ಹ್ಯಾರಿ ಪಾಟರ್ ಓದಿದವರು ನಾಲ್ಕು ಜನ ಒಂದು ಟೇಬಲ್ಲಿಗೆ ಸೇರಿದರೆ ಐದನೇ ನಿಮಿಷಕ್ಕೆ ಈ ಪ್ರಶ್ನೆ ಬಂದೇ ಬರುತ್ತೆ: ಟೈಮ್ ಟರ್ನರ್ ಅಂತ ಒಂದಿತ್ತಲ್ಲ, ಅದನ್ನ ಇನ್ನೊಂದಷ್ಟು ಸುತ್ತು ತಿರುಗಿಸಿ ವೋಲ್ಡೆಮಾರ್ಟ್ ತೊಟ್ಟಿಲಲ್ಲಿ ಇರೋವಾಗಲೇ ಕಥೆ ಮುಗಿಸಬಹುದಿತ್ತಲ್ಲ? ಕೇಳಿದವರ ಮುಖದಲ್ಲಿ ಏಳು ದಪ್ಪ ಪುಸ್ತಕಗಳ ಕೋಟೆಗೆ ಒಂದೇ ಸೂಜಿಯಲ್ಲಿ ತೂತು ಕೊರೆದ ಸಂಭ್ರಮ. ಅಭಿಮಾನಿಗಳ ಹತ್ತಿರ ಉತ್ತರಗಳೂ ರೆಡಿ ಇರುತ್ತವೆ. ಅದು ಕೆಲವೇ ಗಂಟೆ ಹಿಂದಕ್ಕೆ ಹೋಗುತ್ತೆ, ಆಗಿಹೋದದ್ದನ್ನ ಬದಲಾಯಿಸೋಕೆ ಆಗಲ್ಲ, ಮಂತ್ರಾಲಯದ ಕಾನೂನಿದೆ, ಇತ್ಯಾದಿ. (ಮಂತ್ರಾಲಯ ಅಂದರೆ ಇಲ್ಲಿ ಮ್ಯಾಜಿಕ್ ಮಿನಿಸ್ಟ್ರಿ. ರಾಯರನ್ನ ಇದಕ್ಕೆ ಎಳೆಯೋದು ಬೇಡ.)

ನಾನೂ ಆಫೀಸಿನ ಕೆಫೆಟೇರಿಯಾದಲ್ಲಿ ಈ ಜಗಳ ಎಷ್ಟೋ ಸಲ ಆಡಿದ್ದೀನಿ, ಎರಡೂ ಪಕ್ಷದ ಪರವಾಗಿ. ಆದರೆ ಕಳೆದ ತಿಂಗಳು ಮೂರನೇ ಪುಸ್ತಕವನ್ನ ಮತ್ತೆ ಕೈಗೆತ್ತಿಕೊಂಡಾಗ ಈ ಪ್ರಶ್ನೆಯೇ ಸಪ್ಪೆ ಅನ್ನಿಸ್ತು. ಆ ಸಾಧನ ಕಥೆಯ ಕೊನೆಯಲ್ಲಿ ಬರೀ ಮೂರು ಗಂಟೆ ಕೆಲಸ ಮಾಡುತ್ತೆ. ಅದಕ್ಕೆ ಮುಂಚೆ ಇಡೀ ಒಂದು ವರ್ಷ ಅದು ಒಬ್ಬ ಹುಡುಗಿಯ ಕುತ್ತಿಗೆಯಲ್ಲಿ, ಬಟ್ಟೆಯೊಳಗೆ, ಯಾರಿಗೂ ಕಾಣದ ಹಾಗೆ ನೇತಾಡ್ತಾ ಇತ್ತು. ಆ ವರ್ಷ ಅವಳಿಗೆ ಏನಾಯ್ತು ಅಂತ ಯಾರೂ ಕೇಳಲ್ಲ. ವೋಲ್ಡೆಮಾರ್ಟ್‌ನ ತೊಟ್ಟಿಲ ಬಗ್ಗೆ ಕೇಳ್ತಾರೆ.

ಮರೆತವರಿಗೆ ಸ್ವಲ್ಪ ನೆನಪು ಮಾಡ್ತೀನಿ. 'ಹ್ಯಾರಿ ಪಾಟರ್ ಅಂಡ್ ದಿ ಪ್ರಿಸನರ್ ಆಫ್ ಅಜ್ಕಬಾನ್' ಬಂದದ್ದು 1999ರಲ್ಲಿ. ಹಾಗ್ವಾರ್ಟ್ಸ್ ಶಾಲೆಯ ಮೂರನೇ ವರ್ಷ. ಹೊಸ ವಿಷಯಗಳನ್ನ ಆರಿಸಿಕೊಳ್ಳಬೇಕು. ಎಲ್ಲರೂ ಎರಡೋ ಮೂರೋ ತಗೊಂಡರೆ ಹರ್ಮಯೊನಿ ಎಲ್ಲವನ್ನೂ ತಗೊಳ್ತಾಳೆ. ಮೊದಲ ದಿನ ತಿಂಡಿಯ ಹೊತ್ತಲ್ಲಿ ರಾನ್ ಅವಳ ಟೈಮ್ ಟೇಬಲ್ ಇಣುಕಿ ನೋಡಿ ನಗ್ತಾನೆ. ಒಂಬತ್ತು ಗಂಟೆಗೆ ಭವಿಷ್ಯ ಹೇಳುವ ಕ್ಲಾಸು, ಅದೇ ಒಂಬತ್ತಕ್ಕೆ ಮಗಲ್ ಸ್ಟಡೀಸು, ಅದೇ ಒಂಬತ್ತಕ್ಕೆ ಅರಿಥ್ಮೆನ್ಸಿ. ಪ್ರಿಂಟಿಂಗ್ ಮಿಸ್ಟೇಕು ಅಂದುಕೊಂಡು ನಾವೂ ನಕ್ಕು ಪುಟ ತಿರುಗಿಸ್ತೀವಿ. ಮುನ್ನೂರು ಪುಟ ಆದಮೇಲೆ ಗುಟ್ಟು ಬಿಚ್ಚಿಕೊಳ್ಳುತ್ತೆ. ತೆಳ್ಳನೆಯ ಚಿನ್ನದ ಸರದಲ್ಲಿ ಒಂದು ಪುಟಾಣಿ ಮರಳುಗಡಿಯಾರ. ಮೂರು ಸುತ್ತು ತಿರುಗಿಸಿದರೆ ಮೂರು ಗಂಟೆ ಹಿಂದಕ್ಕೆ. ಒಂದು ಕ್ಲಾಸು ಮುಗಿಸಿ, ಹಿಂದಕ್ಕೆ ಹೋಗಿ, ಅದೇ ಗಂಟೆಯಲ್ಲಿ ಇನ್ನೊಂದು ಕ್ಲಾಸಿನಲ್ಲಿ ಕೂರ್ತಾ ಇದ್ದಳು.

ಕೊಟ್ಟವರು ಯಾರು? ಪ್ರೊಫೆಸರ್ ಮೆಕ್‌ಗೊನಗಲ್. ಇವಳು ಮಾದರಿ ವಿದ್ಯಾರ್ಥಿನಿ ಅಂತ ಮಿನಿಸ್ಟ್ರಿಗೆ ಪತ್ರದ ಮೇಲೆ ಪತ್ರ ಬರೆದು ಅನುಮತಿ ತಂದರು. ಷರತ್ತು ಎರಡು. ಯಾರಿಗೂ ಹೇಳಬಾರದು. ಓದು ಬಿಟ್ಟು ಬೇರೆ ಯಾವುದಕ್ಕೂ ಬಳಸಬಾರದು.

ಈ ಎರಡನೇ ಷರತ್ತನ್ನ ನಾನು ಮೊದಲು ಓದಿದ್ದು ಇಂಜಿನಿಯರಿಂಗ್ ಹಾಸ್ಟೆಲಿನಲ್ಲಿ, ಯಾರದೋ ಹರಿದ ಪ್ರತಿಯಲ್ಲಿ. ಆಗ ಅದು ಕಣ್ಣಿಗೇ ಬೀಳಲಿಲ್ಲ. ಆಹಾ, ಒಂದು ಗಂಟೆಗೆ ಎರಡು ಗಂಟೆ! ನಂಗೂ ಒಂದು ಇದ್ದಿದ್ದರೆ ಸಿಗ್ನಲ್ಸ್ ಅಂಡ್ ಸಿಸ್ಟಮ್ಸ್ ಬ್ಯಾಕ್ ಉಳೀತಿರಲಿಲ್ಲ ಅಂತ ಅಂದುಕೊಂಡೆ. ಈ ಸಲ ಓದುವಾಗ ಆ ಸಾಲಿನಲ್ಲೇ ನಿಂತುಬಿಟ್ಟೆ. ಓದು ಬಿಟ್ಟು ಬೇರೆ ಯಾವುದಕ್ಕೂ ಬಳಸಬಾರದು ಅಂದರೆ ನಿದ್ದೆಗೂ ಬಳಸಬಾರದು ಅಂತ ಅರ್ಥ, ಅಲ್ವಾ?

ಯೋಚನೆ ಮಾಡಿ ನೋಡಿ. ಕಾಲವನ್ನೇ ಹಿಂದಕ್ಕೆ ತಿರುಗಿಸುವ ಸಾಧನ ಹತ್ತಿರ ಇದೆ. ಒಂದು ಸುತ್ತು ತಿರುಗಿಸಿ ಎಲ್ಲೋ ಮೂಲೆಯಲ್ಲಿ ಒಂದು ಗಂಟೆ ಕಣ್ಣು ಮುಚ್ಚಿದರೆ ಯಾರಿಗೂ ನಷ್ಟ ಇಲ್ಲ. ಹಾಗಿದ್ದೂ ಆ ವರ್ಷ ಇಡೀ ಶಾಲೆಯಲ್ಲಿ ಅತಿ ಕಡಿಮೆ ನಿದ್ದೆ ಮಾಡಿದವಳ ಹಾಗೆ ಕಾಣುವವಳು ಹರ್ಮಯೊನಿಯೇ. ಕಾಮನ್ ರೂಮಿನ ಮೂಲೆಯಲ್ಲಿ ಪುಸ್ತಕದ ಗೋಡೆ ಕಟ್ಟಿಕೊಂಡು ಕೂತಿರ್ತಾಳೆ. ಯಾರಾದರೂ ಮಾತಾಡಿಸಿದರೆ ಸಿಡುಕ್ತಾಳೆ. ಹ್ಯಾಗ್ರಿಡ್‌ನ ಗುಡಿಸಲಿಗೆ ಹೋಗಿ ಅಳ್ತಾಳೆ. ಅದನ್ನ ಗೆಳೆಯರು ಗಮನಿಸಿರಲ್ಲ, ಹ್ಯಾಗ್ರಿಡ್ ಹೇಳಿದಮೇಲೇ ಅವರಿಗೆ ಗೊತ್ತಾಗೋದು.

ಹದಿನೈದನೇ ಅಧ್ಯಾಯದ ಒಂದು ದಿನವನ್ನಂತೂ ಬಿಡಿಬಿಡಿಯಾಗಿ ನೋಡಬೇಕು. ಬಕ್‌ಬೀಕ್ ಅನ್ನೋ ಹಿಪ್ಪೊಗ್ರಿಫ್‌ನ ಕೇಸು ಸೋತಿದೆ. ಅದರ ಕಾನೂನು ಹುಡುಕಾಟಕ್ಕೂ ಎಲ್ಲಿಂದಲೋ ಸಮಯ ಹೊಂದಿಸಿದ್ದವಳು ಇವಳೇ. ಹ್ಯಾಗ್ರಿಡ್ ಅಳೋದನ್ನ ನೋಡಿ ಮಾಲ್ಫಾಯ್ ಗೇಲಿ ಮಾಡಿದಾಗ ಅವನ ಕೆನ್ನೆಗೆ ಬಾರಿಸ್ತಾಳೆ. ಆಮೇಲೆ ಚಾರ್ಮ್ಸ್ ಕ್ಲಾಸಿಗೆ ಮೂವರೂ ಒಟ್ಟಿಗೇ ಹೊರಟವರು, ಒಳಗೆ ಹೋಗಿ ನೋಡಿದರೆ ಇವಳು ಇಲ್ಲ. ಎಷ್ಟೋ ಹೊತ್ತಿನ ಮೇಲೆ ಸಿಗ್ತಾಳೆ, ಅರಿಥ್ಮೆನ್ಸಿ ಪುಸ್ತಕದ ಮೇಲೆ ತಲೆ ಇಟ್ಟು ಗಾಢ ನಿದ್ದೆಯಲ್ಲಿ. ಅವಳು ತಪ್ಪಿಸಿಕೊಂಡ ಪಾಠ ಯಾವುದು ಗೊತ್ತಾ? ಮನುಷ್ಯರನ್ನ ಖುಷಿಯಾಗಿಸುವ ಮಂತ್ರ. ಅದೇ ದಿನ ಭವಿಷ್ಯದ ಕ್ಲಾಸಿನಲ್ಲಿ ಟೀಚರ್ ಜೊತೆ ಜಗಳವಾಡಿ, ಬ್ಯಾಗು ಎತ್ತಿಕೊಂಡು ಎದ್ದು ಹೋಗ್ತಾಳೆ, ಮತ್ತೆ ಆ ಕಡೆ ತಲೆ ಹಾಕಲ್ಲ.

ಇದಕ್ಕೆ ನಮ್ಮ ಕಡೆ ಒಂದು ಹೆಸರಿದೆ, ಬರ್ನ್‌ಔಟ್. ಎಚ್‌ಆರ್‌ನವರು ಅದಕ್ಕೊಂದು ವೆಬಿನಾರ್ ಕೂಡ ಇಟ್ಟಿರ್ತಾರೆ, ಸಾಮಾನ್ಯವಾಗಿ ಲಂಚ್ ಬ್ರೇಕಿನಲ್ಲೇ.

ಕಾಲಯಾನದ ಕಥೆಗಳಲ್ಲಿ ನಾನು ಮೊದಲು ಹುಡುಕೋದು ಇಂಧನವನ್ನ. ಎಚ್.ಜಿ. ವೆಲ್ಸ್ 1895ರಲ್ಲಿ 'ದಿ ಟೈಮ್ ಮಷೀನ್' ಬರೆದಾಗ ಯಂತ್ರದ ದಂತ, ಸ್ಫಟಿಕ, ಸನ್ನೆಕೋಲು ಎಲ್ಲವನ್ನೂ ವರ್ಣಿಸಿದ, ಅದು ಯಾವುದರಿಂದ ಓಡುತ್ತೆ ಅಂತ ಮಾತ್ರ ಬಿಡಿಸಿ ಹೇಳಲಿಲ್ಲ. 1985ರ 'ಬ್ಯಾಕ್ ಟು ದಿ ಫ್ಯೂಚರ್' ಈ ವಿಷಯದಲ್ಲಿ ಪ್ರಾಮಾಣಿಕ: 1.21 ಗಿಗಾವ್ಯಾಟ್ ಬೇಕು, ಪ್ಲುಟೋನಿಯಂ ತನ್ನಿ, ಇಲ್ಲವಾದರೆ ಗಡಿಯಾರದ ಗೋಪುರಕ್ಕೆ ಸಿಡಿಲು ಹೊಡೆಯೋ ತನಕ ಕಾಯಿರಿ. ಇನ್ನು ನಿಕೊಲಾಯ್ ಕೊಜಿರೆವ್ ಅಂತ ಸೋವಿಯತ್ ಖಗೋಳ ವಿಜ್ಞಾನಿಯೊಬ್ಬರಿದ್ದರು. ಅವರದು ಇದರ ತದ್ವಿರುದ್ಧ, ಕಾಲವೇ ಇಂಧನ ಅನ್ನೋ ವಾದ. ಕಾಲದ ಹರಿವು ಶಕ್ತಿಯಾಗಿ ಬದಲಾಗುತ್ತೆ, ನಕ್ಷತ್ರಗಳು ಉರಿಯೋದೇ ಅದರಿಂದ ಅಂತ 1958ರಲ್ಲಿ ಪುಸ್ತಕವನ್ನೇ ಬರೆದರು. ಭೌತಶಾಸ್ತ್ರ ಒಪ್ಪಲಿಲ್ಲ, ಒಪ್ಪೋ ಹಾಗೂ ಇರಲಿಲ್ಲ. ಆದರೆ ಸ್ಟಾಲಿನ್ ಕಾಲದಲ್ಲಿ 1936ರಿಂದ 1946ರವರೆಗೆ ಸೆರೆಯಲ್ಲಿದ್ದ ಮನುಷ್ಯನಿಗೆ ಕಾಲ ಅಂದರೆ ಸುಮ್ಮನೆ ಹರಿದುಹೋಗೋ ವಸ್ತುವಲ್ಲ, ಅದರೊಳಗೆ ಏನೋ ಉರೀತಿದೆ ಅಂತ ಅನ್ನಿಸಿದ್ದರಲ್ಲಿ ನಂಗೆ ಆಶ್ಚರ್ಯ ಇಲ್ಲ.

ಟೈಮ್ ಟರ್ನರ್‌ಗೆ ವಾಪಸ್ ಬರೋಣ. ಮರಳುಗಡಿಯಾರ ಯಾವ ಶಕ್ತಿಯಿಂದ ನಡೆಯುತ್ತೆ? ಗುರುತ್ವದಿಂದ ಅಂತ ಥಟ್ಟನೆ ಹೇಳ್ತೀವಿ. ಅರ್ಧ ಸರಿ. ಮರಳು ಕೆಳಗೆ ಬೀಳಬೇಕಾದರೆ ಯಾರೋ ಅದನ್ನ ಮೇಲಕ್ಕೆ ಎತ್ತಿರಬೇಕು. ಗಡಿಯಾರವನ್ನ ತಲೆಕೆಳಗು ಮಾಡಿದ ಕೈ ಎಷ್ಟು ಶಕ್ತಿ ಹಾಕಿತ್ತೋ ಅದೇ ಹನಿಹನಿಯಾಗಿ ಕೆಳಗಿಳಿಯುತ್ತೆ. ಮರಳುಗಡಿಯಾರಕ್ಕೆ ತನ್ನದು ಅಂತ ಏನೂ ಇಲ್ಲ, ಎಲ್ಲ ತಿರುಗಿಸಿದವರದ್ದು. ರೌಲಿಂಗ್ ಇಷ್ಟೆಲ್ಲ ಯೋಚಿಸಿ ಆ ಆಕಾರ ಆರಿಸಿಕೊಂಡರು ಅಂತ ನಾನು ಹೇಳ್ತಿಲ್ಲ. ಬಹುಶಃ ನೋಡೋಕೆ ಚೆನ್ನಾಗಿದೆ ಅಂತಲೇ ಇರಬಹುದು. ಆದರೆ ಕಾದಂಬರಿಯಲ್ಲಿ ನಡೆಯೋದು ಅಕ್ಷರಶಃ ಇದೇ. ಆ ಸಾಧನದ ಒಳಗೆ ಕಾಲ ಇಲ್ಲ. ಹೆಚ್ಚುವರಿ ಗಂಟೆ ಬರೋದು ಹರ್ಮಯೊನಿಯ ಮೈಯಿಂದ.

ಒಂದು ಸಣ್ಣ ಲೆಕ್ಕ ಹಾಕಿದೆ (ಇದು ನನ್ನ ಊಹೆ, ಪುಸ್ತಕದ್ದಲ್ಲ). ದಿನಕ್ಕೆ ಮೂರು ಗಂಟೆ ಹೆಚ್ಚು, ವರ್ಷಕ್ಕೆ 200 ಶಾಲಾ ದಿನ ಅಂತ ಹಿಡಿದರೆ 600 ಗಂಟೆ. ಅಂದರೆ ಪೂರ್ತಿ 25 ದಿನ. ವರ್ಷ ಮುಗಿಯೋ ಹೊತ್ತಿಗೆ ಅವಳ ಜೊತೆಯವರಿಗಿಂತ ಅವಳ ದೇಹಕ್ಕೆ 25 ದಿನ ಜಾಸ್ತಿ ವಯಸ್ಸಾಗಿರುತ್ತೆ. ಆ 25 ದಿನದಲ್ಲಿ ಒಂದೂ ಭಾನುವಾರ ಇಲ್ಲ, ಒಂದೂ ರಾತ್ರಿ ಇಲ್ಲ. ಬರೀ ಕ್ಲಾಸು.

ಈ ಇಂಧನದ ಗುಟ್ಟನ್ನ ಮುಚ್ಚುಮರೆ ಇಲ್ಲದೆ ಬರೆದವನು ಇನ್ನೊಬ್ಬ. ಜರ್ಮನಿಯ ಮಿಖಾಯೆಲ್ ಎಂಡೆ, 1973ರ 'ಮೋಮೋ' ಕಾದಂಬರಿಯಲ್ಲಿ. ಮಕ್ಕಳ ಪುಸ್ತಕ ಅಂತ ಅಂಗಡಿಯಲ್ಲಿ ಇಟ್ಟಿರ್ತಾರೆ, ನಂಬಬೇಡಿ. ಊರಿಗೆ ಬೂದುಬಣ್ಣದ ಮನುಷ್ಯರು ಬರ್ತಾರೆ. ಬೂದು ಸೂಟು, ಬೂದು ಟೋಪಿ, ಬೂದು ಬ್ರೀಫ್‌ಕೇಸು, ಬಾಯಲ್ಲಿ ಸದಾ ಸಿಗಾರು. ತಾವು ಸಮಯ ಉಳಿತಾಯ ಬ್ಯಾಂಕಿನವರು ಅಂತ ಹೇಳ್ಕೊಳ್ತಾರೆ. ಫೂಸಿ ಅನ್ನೋ ಕ್ಷೌರಿಕನ ಅಂಗಡಿಗೆ ಒಬ್ಬ ಬಂದು ಕನ್ನಡಿಯ ಮೇಲೆ ಲೆಕ್ಕ ಬರೀತಾನೆ. ಎಪ್ಪತ್ತು ವರ್ಷದ ಆಯಸ್ಸು ಅಂದರೆ 220 ಕೋಟಿ 75 ಲಕ್ಷ 20 ಸಾವಿರ ಸೆಕೆಂಡು. ಅದರಲ್ಲಿ ನಿದ್ದೆಗೆ ಇಷ್ಟು ಹೋಯ್ತು, ವಯಸ್ಸಾದ ಅಮ್ಮನ ಜೊತೆ ಕೂತು ಮಾತಾಡಿದ್ದಕ್ಕೆ ಇಷ್ಟು, ಸಾಕಿದ ಗಿಳಿಗೆ ಇಷ್ಟು, ನಡೆಯಲಾಗದ ಒಬ್ಬ ಹೆಂಗಸಿಗೆ ದಿನಾ ಒಂದು ಹೂವು ಕೊಟ್ಟು ಬರೋದಕ್ಕೆ ಇಷ್ಟು. ಕಳೀತಾ ಕಳೀತಾ ಕೊನೆಗೆ ಉಳಿಯೋದು ಸೊನ್ನೆ. ಫೂಸಿ ಬೆವೆತುಹೋಗ್ತಾನೆ. ಗಿಳಿ ಮಾರ್ತಾನೆ, ಅಮ್ಮನನ್ನ ವೃದ್ಧಾಶ್ರಮಕ್ಕೆ ಸೇರಿಸ್ತಾನೆ, ಹೂವು ನಿಂತುಹೋಗುತ್ತೆ. ಉಳಿದ ಸಮಯ ಮಾತ್ರ ಅವನ ಕೈಗೆ ಸಿಗಲ್ಲ.

ಅದು ಎಲ್ಲಿಗೆ ಹೋಗುತ್ತೆ ಅನ್ನೋದೇ ಎಂಡೆಯ ಅಪೂರ್ವ ಕಲ್ಪನೆ. ಪ್ರತಿ ಮನುಷ್ಯನ ಎದೆಯೊಳಗೆ ಗಂಟೆಗೊಂದು ಹೂವು ಅರಳುತ್ತೆ. ಬೂದು ಮನುಷ್ಯರು ಆ ಹೂಗಳನ್ನ ಕದ್ದು, ಹೆಪ್ಪುಗಟ್ಟಿಸಿ ನೆಲಮಾಳಿಗೆಯಲ್ಲಿ ಪೇರಿಸಿಡ್ತಾರೆ. ಎಸಳು ಒಣಗಿಸಿ ಸಿಗಾರು ಸುತ್ತಿ ಸೇದ್ತಾರೆ. ಆ ಹೊಗೆಯೇ ಅವರ ಜೀವ. ಸಿಗಾರು ಕಿತ್ತುಕೊಂಡರೆ ಮಂಜಿನ ಹಾಗೆ ಕರಗಿಹೋಗ್ತಾರೆ. ಕಾಲದ ಶಕ್ತಿಯನ್ನ ಹಿಂಡಿ ಬದುಕೋ ವ್ಯವಸ್ಥೆಗೆ ಇಷ್ಟು ಸರಳವಾದ, ಇಷ್ಟು ಅಸಹ್ಯ ಹುಟ್ಟಿಸುವ ಚಿತ್ರವನ್ನ ನಾನಂತೂ ಬೇರೆಲ್ಲೂ ಓದಿಲ್ಲ. ಹೊಗೆಯ ವಾಸನೆ ಪುಟದಿಂದ ಮೂಗಿಗೆ ಬರುತ್ತೆ.

ಎಂಡೆ ಹೂವನ್ನೂ ತೋರಿಸ್ತಾನೆ, ಹೊಗೆಯನ್ನೂ ತೋರಿಸ್ತಾನೆ, ಸೇದೋನ ಮುಖವನ್ನೂ ತೋರಿಸ್ತಾನೆ. ರೌಲಿಂಗ್ ಹತ್ತಿರ ಸೇದೋ ಮುಖ ಇಲ್ಲ. ಅಲ್ಲಿ ಸಮಯ ಕೇಳಿದವಳೂ ಹರ್ಮಯೊನಿ, ಕೊಟ್ಟವಳೂ ಹರ್ಮಯೊನಿ, ದಂಡ ತೆತ್ತವಳೂ ಹರ್ಮಯೊನಿ. ಮೆಕ್‌ಗೊನಗಲ್ ಕೆಟ್ಟವರಲ್ಲ, ಶಿಷ್ಯೆಯ ಮೇಲಿನ ಅಭಿಮಾನದಿಂದಲೇ ಕೊಟ್ಟರು. ಹಾಗಾಗಿ ಇದು 'ಮೋಮೋ'ಗಿಂತ ಹೆಚ್ಚು ಭಯ ಹುಟ್ಟಿಸಬೇಕಿತ್ತು ಅಂತ ನನ್ನ ವಾದ. ಬೂದು ಸೂಟಿನವನು ಬಂದರೆ ಗುರುತು ಹಿಡೀಬಹುದು. ನಿನ್ನಿಂದ ಆಗುತ್ತೆ ಮಗು ಅಂತ ಬೆನ್ನು ತಟ್ಟಿ ಕುತ್ತಿಗೆಗೆ ಸರ ಹಾಕೋರನ್ನ ಹೇಗೆ ಗುರುತು ಹಿಡಿಯೋದು?

ಅವಳು ಯಾಕೆ ಬೇಡ ಅನ್ನಲಿಲ್ಲ ಅನ್ನೋದಕ್ಕೂ ಪುಸ್ತಕದಲ್ಲೇ ಉತ್ತರ ಇದೆ, ಆದರೆ ಎರಡು ಬೇರೆ ಬೇರೆ ಕಡೆ ಇದೆ. ಹರ್ಮಯೊನಿಯ ಅಪ್ಪ ಅಮ್ಮ ಹಲ್ಲಿನ ಡಾಕ್ಟರುಗಳು, ಮಂತ್ರ ಗೊತ್ತಿಲ್ಲದ ಮಗಲ್‌ಗಳು. ಮನೆಯಲ್ಲಿ ಈ ವಿದ್ಯೆ ಕಲಿತ ಮೊದಲನೆಯವಳು ಅವಳು. ಹುಟ್ಟಿನ ಕಾರಣಕ್ಕೆ ಅವಳನ್ನ ಹೀಯಾಳಿಸೋರು ಅದೇ ಶಾಲೆಯಲ್ಲಿದ್ದಾರೆ. ಇನ್ನೊಂದು, ಪರೀಕ್ಷೆಯಲ್ಲಿ ಬಾಗರ್ಟ್ ಎದುರಾಗೋ ಪ್ರಸಂಗ. ಬಾಗರ್ಟ್ ಅಂದರೆ ನಮ್ಮ ಅತಿ ದೊಡ್ಡ ಭಯದ ರೂಪ ತಾಳುವ ಜೀವಿ. ಹ್ಯಾರಿಗೆ ಅದು ಡಿಮೆಂಟರ್, ರಾನ್‌ಗೆ ಜೇಡ. ಹರ್ಮಯೊನಿ ಕಿರುಚಿಕೊಂಡು ಆಚೆ ಬರ್ತಾಳೆ. ಅವಳಿಗೆ ಕಾಣಿಸಿದ್ದು ಮೆಕ್‌ಗೊನಗಲ್, ನೀನು ಎಲ್ಲದರಲ್ಲೂ ಫೇಲು ಅಂತ ಹೇಳ್ತಾ. ಇದನ್ನ ತಮಾಷೆಯ ಹಾಗೆ ಬರೆದಿದ್ದಾರೆ. ನಾನೂ ಹಾಸ್ಟೆಲಿನಲ್ಲಿ ಬಿದ್ದು ಬಿದ್ದು ನಕ್ಕಿದ್ದೆ. ಈಗ ನಗು ಬರಲಿಲ್ಲ. ಟೈಮ್ ಟರ್ನರ್ ಕೊಟ್ಟವರ ಮುಖವೇ ಆ ಭಯದ ಮುಖ.

ನಾನು ಅರಸೀಕೆರೆಯ ಕನ್ನಡ ಮೀಡಿಯಂ. ಮನೆಯಲ್ಲಿ ಡಿಗ್ರಿ ಮಾಡಿದ ಮೊದಲನೆಯವಳು. ಬೆಂಗಳೂರಿಗೆ ಬಂದು ಕೆಲಸಕ್ಕೆ ಸೇರಿದಮೇಲೆ ಮೊದಲ ಎರಡು ವರ್ಷ ನಾನು ಯಾವುದಕ್ಕೂ ಇಲ್ಲ ಅಂದಿದ್ದೇ ಇಲ್ಲ. ಬೆಳಿಗ್ಗೆ ಇಲ್ಲಿನ ಟೀಮು, ರಾತ್ರಿ ಹತ್ತರ ಮೇಲೆ ಅಮೆರಿಕದ ಕಾಲು. ಮಧ್ಯದಲ್ಲಿ ಇಂಗ್ಲಿಷ್ ಮಾತಾಡೋದನ್ನ ಸರಿ ಮಾಡಿಕೊಳ್ಳೋಕೆ ಒಂದು ಕ್ಲಾಸು, ಭಾನುವಾರ ಒಂದು ಸರ್ಟಿಫಿಕೇಶನ್ನು. ಕ್ಯಾಲೆಂಡರಿನಲ್ಲಿ ಒಂದೇ ಗಂಟೆಗೆ ಎರಡು ಮೀಟಿಂಗು ಇರ್ತಿದ್ದವು, ಒಂದು ಕಿವಿಯಲ್ಲಿ ಅದು, ಇನ್ನೊಂದು ಕಿವಿಯಲ್ಲಿ ಇದು. ಮ್ಯಾನೇಜರ್ ಒಳ್ಳೆಯವರೇ. ಟೈಮ್ ಮ್ಯಾನೇಜ್‌ಮೆಂಟ್ ಅಂದರೆ ಇವಳನ್ನ ನೋಡಿ ಕಲೀರಿ ಅಂತ ಎಲ್ಲರ ಮುಂದೆ ಹೊಗಳಿ ಒಂದು ಸರ್ಟಿಫಿಕೇಟೂ ಕೊಟ್ಟರು. ಆ ವರ್ಷ ಮೇ ತಿಂಗಳಲ್ಲಿ ಅಕ್ಕನ ಮದುವೆ. ಹಿಂದಿನ ರಾತ್ರಿ ಛತ್ರದ ರೂಮಿನಲ್ಲಿ ಕೂತು ಎರಡೂವರೆ ತನಕ ಕಾಲಿನಲ್ಲಿದ್ದೆ. ಬೆಳಿಗ್ಗೆ ರೇಷ್ಮೆ ಸೀರೆ ಉಟ್ಟು, ಕಂಬಕ್ಕೆ ಒರಗಿಸಿದ್ದ ಪ್ಲಾಸ್ಟಿಕ್ ಕುರ್ಚಿಯಲ್ಲಿ ಐದು ನಿಮಿಷ ಕೂರೋಣ ಅಂತ ಕೂತೆ. ಎಚ್ಚರ ಆದಾಗ ಧಾರೆ ಮುಗಿದಿತ್ತು. ವಾಲಗದ ಸದ್ದಿಗೂ ಎಚ್ಚರ ಆಗಿರಲಿಲ್ಲ. ಪಾಪ, ಸುಸ್ತಾಗಿದ್ದಾಳೆ, ಮಲಗಲಿ ಅಂತ ಅಪ್ಪನೇ ಎಬ್ಬಿಸೋಕೆ ಬಿಡಲಿಲ್ಲವಂತೆ. ಮದುವೆ ವಿಡಿಯೋದಲ್ಲಿ ಒಂದು ಕಡೆ ಕ್ಯಾಮೆರಾ ಹಾಗೇ ತಿರುಗುವಾಗ ಬಾಯಿ ತೆರೆದು ಮಲಗಿರೋ ನಾನು ಕಾಣ್ತೀನಿ. ಅಕ್ಕ ಇವತ್ತಿಗೂ ಅದನ್ನ ಹೇಳಿ ನಗ್ತಾಳೆ. ನಾನೂ ನಗ್ತೀನಿ.

ಹಾಗಾಗಿ ಖುಷಿಯ ಮಂತ್ರದ ಪಾಠ ತಪ್ಪಿಸಿಕೊಂಡು ಪುಸ್ತಕದ ಮೇಲೆ ಮಲಗಿದ ಹರ್ಮಯೊನಿಯನ್ನ ನಾನು ವಿಮರ್ಶಕಿಯ ನಿರ್ಲಿಪ್ತತೆಯಿಂದ ಓದಿದೆ ಅಂತ ಹೇಳಲಾರೆ. ಇಷ್ಟನ್ನ ಮೊದಲೇ ಒಪ್ಪಿಕೊಂಡುಬಿಡ್ತೀನಿ.

2004ರಲ್ಲಿ ಬಂದ ಸಿನಿಮಾ ಈ ವಿಷಯದಲ್ಲಿ ನಂಗೆ ನಿರಾಸೆ ಮಾಡ್ತು. ನಿರ್ದೇಶಕ ಅಲ್ಫಾನ್ಸೊ ಕ್ವಾರಾನ್ ಇಡೀ ಶಾಲೆಯನ್ನೇ ಗಡಿಯಾರ ಮಾಡಿದ್ದಾರೆ. ದೊಡ್ಡ ಲೋಲಕ, ಹಲ್ಲಿನ ಚಕ್ರಗಳು, ಗೋಪುರ, ನೋಡೋಕೆ ಎರಡು ಕಣ್ಣು ಸಾಲದು. ಸರಣಿಯಲ್ಲಿ ನನ್ನ ಮಟ್ಟಿಗೆ ಇದೇ ಒಳ್ಳೆಯ ಸಿನಿಮಾ. ಆದರೆ ಪುಸ್ತಕದ ಮೇಲೆ ತಲೆ ಇಟ್ಟು ಮಲಗಿದ ಹುಡುಗಿ ಅದರಲ್ಲಿ ಇಲ್ಲ. ಕೆನ್ನೆಗೆ ಹೊಡೆದದ್ದು ಮೂಗಿಗೆ ಗುದ್ದಾಗಿದೆ, ಥಿಯೇಟರಿನಲ್ಲಿ ಶಿಳ್ಳೆ ಬೀಳೋ ಹಾಗೆ. ಪುಸ್ತಕದಲ್ಲಿ ಆ ಏಟು ಬರೋದು ನಿದ್ದೆಗೆಟ್ಟವಳ ಕೈಯಿಂದ. ಕಾಲದ ಬಗ್ಗೆ ಇಷ್ಟು ಚಿತ್ರ ಕೊಟ್ಟವರು ಸುಸ್ತಿಗೆ ಒಂದು ಚಿತ್ರ ಕೊಡಲಿಲ್ಲ.

ಇನ್ನು ಆ ಪ್ರಸಿದ್ಧ ಮೂರು ಗಂಟೆ. ಮಧ್ಯರಾತ್ರಿಗೆ ಐದು ನಿಮಿಷ ಇರುವಾಗ ಡಂಬಲ್‌ಡೋರ್ ಆಸ್ಪತ್ರೆ ಕೋಣೆಗೆ ಬಂದು ಮೂರು ಸುತ್ತು ಸಾಕು ಅಂತ ಸೂಚನೆ ಕೊಟ್ಟು, ಬಾಗಿಲಿಗೆ ಬೀಗ ಹಾಕಿ ಹೋಗ್ತಾರೆ. ಹ್ಯಾರಿ, ಹರ್ಮಯೊನಿ ಹಿಂದಕ್ಕೆ ಹೋಗಿ ಬಕ್‌ಬೀಕ್‌ನನ್ನೂ ಸಿರಿಯಸ್ ಬ್ಲ್ಯಾಕ್‌ನನ್ನೂ ಉಳಿಸ್ತಾರೆ. ಇದು ರೌಲಿಂಗ್ ಬರೆದ ಅತ್ಯಂತ ಅಚ್ಚುಕಟ್ಟಾದ ಕಥಾಭಾಗ, ಇದರಲ್ಲಿ ಎರಡು ಮಾತಿಲ್ಲ. ಮೊದಲ ಸಲ ಕೇಳಿಸಿದ ಕೊಡಲಿಯ ಸದ್ದು ಎರಡನೇ ಸಲ ಬೇಲಿಗೆ ಬಿದ್ದ ಸದ್ದಾಗುತ್ತೆ. ಕೆರೆಯ ಆಚೆ ದಡದಲ್ಲಿ ತನ್ನನ್ನ ಉಳಿಸಿದವನು ತೀರಿಹೋದ ಅಪ್ಪ ಅಂತ ನಂಬಿದ್ದ ಹುಡುಗ, ಅದೇ ದಡದಲ್ಲಿ ಪೊದೆಯ ಹಿಂದೆ ಕೂತು ಕಾದು ಕಾದು, ಕೊನೆಗೆ ಯಾರೂ ಬರದೇ ಇದ್ದಾಗ ಬರಬೇಕಾದವನು ತಾನೇ ಅಂತ ಅರ್ಥ ಮಾಡ್ಕೊಳ್ತಾನೆ. ಈಗಲೂ ಓದಿದರೆ ಮೈ ಜುಮ್ ಅನ್ನುತ್ತೆ.

ಆದರೆ ಆ ಮೂರು ಗಂಟೆಯಲ್ಲಿ ಅವರು ಹೆಚ್ಚಿನ ಹೊತ್ತು ಮಾಡಿದ್ದೇನು ಅಂತ ಗಮನಿಸಿದ್ದೀರಾ? ಕಾದಿದ್ದು. ಕಪಾಟಿನೊಳಗೆ ನಿಂತು ತಮ್ಮದೇ ಹೆಜ್ಜೆ ಸದ್ದು ಕೇಳ್ತಾರೆ. ಕಾಡಿನ ಅಂಚಲ್ಲಿ ಮರದ ಕೆಳಗೆ ಗಂಟೆಗಿಂತ ಹೆಚ್ಚು ಹೊತ್ತು ಸುಮ್ಮನೆ ಕೂರ್ತಾರೆ, ಮಾತಾಡ್ತಾರೆ, ಹಿಪ್ಪೊಗ್ರಿಫ್‌ನ ಹಗ್ಗ ಹಿಡ್ಕೊಂಡಿರ್ತಾರೆ. ವರ್ಷವಿಡೀ ಆ ಸಾಧನದಿಂದ ಬಂದ ಒಂದೊಂದು ಗಂಟೆಯನ್ನೂ ಪಾಠದಿಂದ ತುಂಬಿಸಿದವಳು ಮೊದಲ ಸಲ ಸಿಕ್ಕ ಸಮಯವನ್ನ ಖಾಲಿ ಬಿಡ್ತಾಳೆ. ಆ ಕೆಲಸವೇ ಅಂಥದ್ದು, ಕಾಯದೆ ಆಗಲ್ಲ. ಮತ್ತೆ ಇದು ಓದಿಗೆ ಮಾತ್ರ ಅನ್ನೋ ಷರತ್ತಿನ ನೇರ ಉಲ್ಲಂಘನೆ. ಇಡೀ ಕಾದಂಬರಿಯಲ್ಲಿ ಟೈಮ್ ಟರ್ನರ್‌ನಿಂದ ಆದ ನಿಜವಾದ ಒಳ್ಳೆಯ ಕೆಲಸ ಒಂದೇ, ಅದು ಅನುಮತಿ ಇಲ್ಲದ್ದು.

ಈ ಅಧ್ಯಾಯದ ಹೆಸರೇ 'ಹರ್ಮಯೊನಿಯ ಗುಟ್ಟು'. ಆದರೂ ಗುಟ್ಟು ಹೊರಬಿದ್ದ ಕೂಡಲೇ ಕಥೆ ಅವಳನ್ನ ಬಿಟ್ಟು ಹ್ಯಾರಿಯ ಹಿಂದೆ ಹೊರಟುಬಿಡುತ್ತೆ. ಅಪ್ಪ, ಜಿಂಕೆ, ಬೆಳಕು, ಎಲ್ಲ ಅವನ ಪಾಲಿಗೆ. ಒಂದು ವರ್ಷ ಆ ಸರದ ಭಾರ ಹೊತ್ತವಳು ಕೈಗಡಿಯಾರ ನೋಡಿ ಇನ್ನು ಹತ್ತೇ ನಿಮಿಷ ಅಂತ ಎಚ್ಚರಿಸೋ ಕೆಲಸಕ್ಕೆ ನಿಲ್ತಾಳೆ. ಇಷ್ಟು ಕಷ್ಟಪಟ್ಟು ಕೂಡಿಟ್ಟ ವಿಷಯವನ್ನ ರೌಲಿಂಗ್ ಅಲ್ಲೇ ಕೈಬಿಟ್ಟರು ಅನ್ನೋದು ನನ್ನ ದೂರು. ವೋಲ್ಡೆಮಾರ್ಟ್‌ನ ತೊಟ್ಟಿಲಿಗಿಂತ ದೊಡ್ಡ ತೂತು ಇದು.

ಬೇರೆಯವರ ಕಾಲ ಕಡ ತಗೊಂಡಾಗ ಲೆಕ್ಕ ಚುಕ್ತಾ ಮಾಡೋರು ಯಾರು ಅಂತ ಕಥೆಯ ಒಳಗೇ ಎದ್ದು ನಿಂತು ಕೇಳಬೇಕಾದರೆ ಒಂದು ಪಾತ್ರ ಬೇಕು. ಗಿರೀಶ ಕಾರ್ನಾಡರು 1961ರ 'ಯಯಾತಿ' ನಾಟಕದಲ್ಲಿ ಅದಕ್ಕಾಗಿಯೇ ಚಿತ್ರಲೇಖೆಯನ್ನ ಸೃಷ್ಟಿಸಿದರು. ಪುರು ಅಪ್ಪನಿಗೆ ಯೌವನ ಕೊಟ್ಟು ಮುದುಕನಾಗೋದು ಪುರಾಣದಲ್ಲಿ ತ್ಯಾಗದ ಕಥೆ. ಪುರುವಿನ ಹೆಂಡತಿ ಬಂದು ನನ್ನ ಪಾಡೇನು ಅಂತ ಮಾವನನ್ನ ಕೇಳಿದ ಕೂಡಲೇ ಆ ತ್ಯಾಗ ನೋಡೋಕಾಗದ ವಸ್ತುವಾಗುತ್ತೆ. ಹಾಗ್ವಾರ್ಟ್ಸ್‌ನಲ್ಲಿ ಚಿತ್ರಲೇಖೆಯಷ್ಟು ಗಟ್ಟಿಯಾಗಿ ಕೇಳೋರು ಯಾರೂ ಇಲ್ಲ. ಸ್ವಲ್ಪ ಹತ್ತಿರ ಬರೋನು ಹ್ಯಾಗ್ರಿಡ್ ಒಬ್ಬನೇ, ಅವನೂ ಬೈಯೋದು ಹುಡುಗರನ್ನ, ಶಾಲೆಯನ್ನಲ್ಲ.

ರೌಲಿಂಗ್‌ಗೂ ಈ ಸಾಧನ ಆಮೇಲೆ ತಲೆನೋವಾಯ್ತು. ಐದನೇ ಪುಸ್ತಕದಲ್ಲಿ, 2003ರಲ್ಲಿ, ಮಿನಿಸ್ಟ್ರಿಯ ಟೈಮ್ ಟರ್ನರ್ ಕಪಾಟನ್ನ ಬೀಳಿಸಿದರು. ಅದು ಬಿದ್ದು ಒಡೆದು, ತಾನೇ ಕೂಡಿಕೊಂಡು ಮೇಲೆದ್ದು, ಮತ್ತೆ ಬೀಳ್ತಾ ಇರುತ್ತೆ. ಆರನೇ ಪುಸ್ತಕದಲ್ಲಿ ಹರ್ಮಯೊನಿಯ ಬಾಯಿಂದಲೇ ಎಲ್ಲವೂ ನಾಶವಾದವು ಅಂತ ಹೇಳಿಸಿ ಬಾಗಿಲು ಹಾಕಿದರು. ಕಾಲಯಾನದ ವಿಷಯಕ್ಕೆ ತಾನು ಹಗುರವಾಗಿ ಕೈ ಹಾಕಿಬಿಟ್ಟೆ ಅಂತ ಪಾಟರ್‌ಮೋರ್‌ನಲ್ಲಿ ಒಪ್ಪಿಕೊಂಡೂ ಇದ್ದಾರೆ. ಅದೇ ಬರಹದಲ್ಲಿ ಎಲೊಯಿಸ್ ಮಿಂಟಂಬಲ್ ಅನ್ನೋ ಮಾಟಗಾತಿಯ ಕಥೆ ಬರುತ್ತೆ. 1402ನೇ ಇಸವಿಗೆ ಹೋಗಿ ಐದು ದಿನ ಸಿಕ್ಕಿಹಾಕಿಕೊಂಡವಳು ವಾಪಸ್ ಬಂದಾಗ ಅವಳ ಮೈಗೆ ಐದು ಶತಮಾನದ ವಯಸ್ಸಾಗಿರುತ್ತೆ. ಕಾಲಕ್ಕೂ ಏಟು ಬೀಳುತ್ತೆ, ಅವಳು ಬಂದಮೇಲೆ ಒಂದು ಮಂಗಳವಾರ ಎರಡೂವರೆ ದಿನ ಎಳೆಯುತ್ತೆ, ಗುರುವಾರ ನಾಲ್ಕು ಗಂಟೆಯಲ್ಲಿ ಮುಗಿದುಹೋಗುತ್ತೆ. ನೋಡಿ, ದೇಹವೇ ಬೆಲೆ ತೆರುತ್ತೆ ಅನ್ನೋದು ಲೇಖಕಿಗೆ ಗೊತ್ತಿತ್ತು! ಆದರೆ ಐದು ಶತಮಾನದ ಬೆಲೆಯನ್ನ ಅಪಘಾತ ಅಂತ ಬರೆದರು, 25 ದಿನದ ಬೆಲೆಯನ್ನ ಶ್ರದ್ಧೆ ಅಂತ ಬರೆದರು. 2016ರ 'ಕರ್ಸ್ಡ್ ಚೈಲ್ಡ್' ನಾಟಕದಲ್ಲಿ ವರ್ಷಗಟ್ಟಲೆ ಹಿಂದಕ್ಕೆ ಹೋಗೋ ಹೊಸ ಟೈಮ್ ಟರ್ನರ್ ಬಂತು. ಅದರ ಬಗ್ಗೆ ಮಾತಾಡದೇ ಇರೋದು ವಾಸಿ.

ಮೂರನೇ ಪುಸ್ತಕದ ಕೊನೆಯ ಅಧ್ಯಾಯದಲ್ಲಿ, ಮನೆಗೆ ಹೋಗೋ ರೈಲಿನಲ್ಲಿ, ಹರ್ಮಯೊನಿ ಗೆಳೆಯರಿಗೆ ವಿಷಯ ಹೇಳ್ತಾಳೆ. ಆ ದಿನ ಬೆಳಿಗ್ಗೆ ಮೆಕ್‌ಗೊನಗಲ್ ಹತ್ತಿರ ಹೋಗಿ ಮಗಲ್ ಸ್ಟಡೀಸ್ ಬಿಟ್ಟುಬಿಟ್ಟಳಂತೆ. ಟೈಮ್ ಟರ್ನರ್ ವಾಪಸ್ ಕೊಟ್ಟಳಂತೆ. ಇನ್ನೊಂದು ವರ್ಷ ಹೀಗೇ ಕಳೆಯೋಕೆ ನನ್ನಿಂದ ಆಗಲ್ಲ, ಹುಚ್ಚು ಹಿಡಿಯೋ ಹಾಗಾಗಿತ್ತು ಅಂತ ಹೇಳ್ತಾಳೆ. ರಾನ್‌ಗೆ ನಂಬೋಕೇ ಆಗಲ್ಲ. ಆ ಪರೀಕ್ಷೆಯಲ್ಲಿ ನೂರಕ್ಕೆ ಮುನ್ನೂರಿಪ್ಪತ್ತು ತಗೊಂಡವಳು ನೀನು ಅಂತಾನೆ. ನಮಗೆ ಒಂದು ಮಾತು ಹೇಳಲಿಲ್ಲವಲ್ಲ ಅಂತ ಮುನಿಸು ಬೇರೆ. ಯಾರಿಗೂ ಹೇಳಲ್ಲ ಅಂತ ಮಾತು ಕೊಟ್ಟಿದ್ದೆ ಅನ್ನೋದು ಅವಳ ಉತ್ತರ. ಇದೆಲ್ಲ ಕೆಲವೇ ಸಾಲು. ಆಮೇಲೆ ರಾನ್ ಕ್ವಿಡಿಚ್ ವರ್ಲ್ಡ್ ಕಪ್ ಮಾತು ತೆಗೀತಾನೆ, ಕಿಟಕಿಯಾಚೆ ಒಂದು ಪುಟಾಣಿ ಗೂಬೆ ಕಾಗದ ಕಚ್ಚಿಕೊಂಡು ಹಾರಿ ಬರುತ್ತೆ, ಕಾಗದ ಹ್ಯಾರಿಗೆ.

ಹರ್ಮಯೊನಿ ಅವತ್ತು ಮನೆ ಮುಟ್ಟಿದ ಮೇಲೆ ಎಷ್ಟು ಗಂಟೆಗೆ ಮಲಗಿದಳು, ಮಾರನೇ ದಿನ ಎಷ್ಟು ಹೊತ್ತಿಗೆ ಎದ್ದಳು, ಹಲ್ಲಿನ ಡಾಕ್ಟರ್ ಅಪ್ಪ ಬಾಗಿಲ ಹತ್ತಿರ ಬಂದು ಎಬ್ಬಿಸದೆ ಹಾಗೇ ವಾಪಸ್ ಹೋದರಾ ಅಂತ ರೌಲಿಂಗ್ ಬರೆದಿಲ್ಲ. ಜಿಂಕೆಯ ಬೆಳಕಿನ ಪುಟ ಇದ್ದ ಹಾಗೇ ಇರಲಿ, ಅದರ ಪಕ್ಕದಲ್ಲಿ ಇದಕ್ಕೂ ಅರ್ಧ ಪುಟ ಕೊಡಬಹುದಿತ್ತು.